ಎನಾಮಲ್ ಬೋರ್ಡೋ, ಬೀಡಿ ಲೇಬಲ್ಲೋ?

ನಿಮಗೆ ಹಳೇ ತಂಬಾಕು ಜಾಹೀರಾತು ಸಂಗ್ರಹಿಸಬೇಕು ಅನ್ನುವ ಹುಚ್ಚು ಹತ್ತಿದೆ, ಆದರೆ ಮನೆ ತೀರ್ಥಹಳ್ಳಿ ಕಡೆ. ಹಾಗಿದ್ದರೆ ಮೊದಲು ಮಳೆಗಾಲವನ್ನು ನೆನೆಸಿಕೊಳ್ಳಿ.

ಬೀಡಿ ಲೇಬಲ್, ಸಿಗರೇಟ್ ಪ್ಯಾಕು, ಪ್ಯಾಕಿನೊಳಗೆ ಬರುತ್ತಿದ್ದ ಚಿತ್ರದ ಕಾರ್ಡುಗಳೆಲ್ಲ ಕಾಗದ. ಆಷಾಢದಲ್ಲಿ ಬೂಷ್ಟು ಹಿಡಿಯುತ್ತವೆ, ಗೆದ್ದಲು ಬಿಡುವುದಿಲ್ಲ. ಮುಚ್ಚಳ ಬಿಗಿಯಾದ ಡಬ್ಬಿ, ತೇವ ಹೀರುವ ಸಿಲಿಕಾ ಜೆಲ್ ಪೊಟ್ಟಣ ಬೇಕೇ ಬೇಕು. ಲ್ಯಾಮಿನೇಷನ್ ಮಾತ್ರ ಮಾಡಿಸಬೇಡಿ, ಮತ್ತೆ ಬಿಡಿಸಲು ಆಗುವುದಿಲ್ಲ.

ಆದರೂ ನನ್ನ ಮನಸ್ಸು ಕಾಗದದ ಕಡೆಗೇ. ಅದರಲ್ಲಿ ಇತಿಹಾಸ ಜಾಸ್ತಿ. ಬೆಲೆ ಆಣೆಯಲ್ಲಿದ್ದರೆ ಸಾಮಾನ್ಯವಾಗಿ 1957ಕ್ಕಿಂತ ಹಿಂದಿನದು. ಸಿಗರೇಟ್ ಪ್ಯಾಕಿನ ಮೇಲೆ ಎಚ್ಚರಿಕೆಯ ಸಾಲಿದ್ದರೆ 1975ರ ಕಾಯ್ದೆಯ ನಂತರದ್ದು. ಚಿತ್ರವೂ ಇದ್ದರೆ 2009ರ ಈಚಿನದು. ಬ್ರಿಟನ್ನಿನ ಸಿಗರೇಟ್ ಕಾರ್ಡುಗಳೂ ಹೀಗೇ ಕಥೆ ಹೇಳುತ್ತವೆ: ಯುದ್ಧಕಾಲದಲ್ಲಿ ಕಾಗದ ಸಾಲದೆ 1940ರಲ್ಲಿ ನಿಂತವು.

ಎನಾಮಲ್ ಬೋರ್ಡಿನ ಅಂದವೇ ಬೇರೆ, ಜಗಲಿಗೆ ಒಂದು ಸಾಕು. ಕಬ್ಬಿಣದ ತಗಡಿನ ಮೇಲೆ ಗಾಜಿನ ಪುಡಿ ಕರಗಿಸಿ ಮಾಡಿದ್ದು, ಬಣ್ಣ ಮಾಸುವುದಿಲ್ಲ. ಚಕ್ಕೆ ಎದ್ದ ಕಡೆ ತುಕ್ಕು ಹಿಡಿಯುತ್ತದೆ, ಅಷ್ಟೇ. ದುಡ್ಡು ಜಾಸ್ತಿ, ನಕಲಿಯೂ ಜಾಸ್ತಿ. ಬೆರಳಾಡಿಸಿ ನೋಡಿ: ಹಲವು ಅಸಲಿ ಬೋರ್ಡುಗಳಲ್ಲಿ ಅಕ್ಷರದ ಅಂಚು ಕೈಗೆ ಸಿಗುತ್ತದೆ. ತೆಳು ತಗಡಿಗೆ ಪ್ರಿಂಟ್ ಹೊಡೆದದ್ದು ನುಣ್ಣಗಿರುತ್ತದೆ. ಒಮ್ಮೆ ನಾನೂ ಮೋಸ ಹೋಗಿದ್ದೆ, ತುಕ್ಕು ಕೂಡ ಬಣ್ಣವೇ ಆಗಿತ್ತು!

ಬೋರ್ಡನ್ನು ಮನೆಯೊಳಗೇ ಇಡಿ. ತಂಬಾಕು ಜಾಹೀರಾತಿಗೆ 2003ರ ಕಾಯ್ದೆ ತಡೆ ಹಾಕಿದೆ, ಅಂಗಡಿ ಮುಂದೆ ನೇತುಹಾಕಿ ತಲೆನೋವು ಯಾಕೆ ಅಲ್ವಾ?

ಕೈಯಲ್ಲಿ ಐನೂರು ರೂಪಾಯಿ ಇದ್ದರೆ ಲೇಬಲ್ಲಿನಿಂದಲೇ ಶುರು ಮಾಡಿ. ಅಜ್ಜನ ನಶ್ಯದ ಡಬ್ಬಿ ಅಟ್ಟದಲ್ಲಿದ್ದರೆ ಅದಕ್ಕೆ ಕಾಸೂ ಬೇಡ.