ಗುಡ್ಡೆಯ ಬೆಂಕಿಗೆ ಉಪಗ್ರಹದ ಕಾವಲು: ಫರ್ಮ್ಸ್ ಸೇವೆ ನಮಗೆಷ್ಟು ಉಪಯುಕ್ತ?

ಕಾಸರಗೋಡಿನ ಪೂರ್ವ ಭಾಗದಲ್ಲಿ, ದೇಲಂಪಾಡಿ, ಆದೂರು, ಮುಳ್ಳೇರಿಯ ಕಡೆಯ ಗುಡ್ಡೆಗಳಲ್ಲಿ, ಜನವರಿ ಕಳೆಯುವ ಹೊತ್ತಿಗೆ ಮುಳಿಹುಲ್ಲು ಪೂರ್ತಿ ಒಣಗಿರುತ್ತದೆ. ಆಗ ಬಿದ್ದ ಕಿಡಿಯೊಂದು ಗೇರುತೋಟವನ್ನು ಹೂ ಬಿಟ್ಟ ಕಾಲದಲ್ಲೇ ಸುಟ್ಟು, ಕೆಳಗಿನ ಅಡಿಕೆ ತೋಟದ ನೀರಿನ ಪೈಪುಗಳವರೆಗೂ ಇಳಿಯಬಲ್ಲದು. ಇಂತಹ ಊರಿನಲ್ಲಿರುವ ನಾವು ಕೆಲವು ಕೃಷಿಕರು, ಅಮೆರಿಕದ ನಾಸಾ ಸಂಸ್ಥೆ ಉಚಿತವಾಗಿ ಒದಗಿಸುವ, ಉಪಗ್ರಹಗಳು ಗುರುತಿಸಿದ ಬೆಂಕಿಯನ್ನು ನಕ್ಷೆಯಲ್ಲಿ ಚುಕ್ಕೆಯಾಗಿ ತೋರಿಸುವ ಫರ್ಮ್ಸ್ ಎಂಬ ಬೆಂಕಿ ಮಾಹಿತಿ ಸೇವೆಯನ್ನು ಬೇಸಿಗೆಯಲ್ಲಿ ಬಳಸುತ್ತ ಬಂದಿದ್ದೇವೆ.

ನೋಂದಣಿ ಸರಳವಾಗಿದೆ. ನಮಗೆ ಬೇಕಾದ ಪ್ರದೇಶವನ್ನು ನಕ್ಷೆಯಲ್ಲಿ ಗುರುತಿಸಿ ಇಮೇಲ್ ವಿಳಾಸ ಕೊಟ್ಟರೆ ಎಚ್ಚರಿಕೆ ಬರತೊಡಗುತ್ತದೆ. ಟೆರ್ರಾ ಮತ್ತು ಆಕ್ವಾ ಉಪಗ್ರಹಗಳ ಮೋಡಿಸ್ ಉಪಕರಣವು ನೆಲವನ್ನು 1 ಕಿಲೋಮೀಟರ್ ಚೌಕಗಳಾಗಿ ನೋಡುತ್ತದೆ. ಸುವೋಮಿ ಎನ್‌ಪಿಪಿ ಮತ್ತು ನೋವಾ ಸರಣಿಯ ಉಪಗ್ರಹಗಳಲ್ಲಿರುವ ವಿಯರ್ಸ್ ಉಪಕರಣದ ಚೌಕ 375 ಮೀಟರಿನದು. ನಮ್ಮಂತಹ ಸಣ್ಣ ಹಿಡುವಳಿಗಳ ಊರಿಗೆ ವಿಯರ್ಸ್ ಮಾಹಿತಿಯೇ ಮೇಲು. ಆದರೆ ನಕ್ಷೆಯ ಚುಕ್ಕೆ ಚೌಕದ ನಡುವನ್ನು ತೋರಿಸುತ್ತದೆಯೇ ಹೊರತು ಬೆಂಕಿ ಬಿದ್ದ ನಿಖರವಾದ ಜಾಗವನ್ನಲ್ಲ. ಚುಕ್ಕೆ ಒಬ್ಬರ ತೋಟದಲ್ಲಿದ್ದು ಬೆಂಕಿ ಪಕ್ಕದವರ ಗುಡ್ಡೆಯಲ್ಲಿರಬಹುದು; ಆದ್ದರಿಂದ ಅದನ್ನು ಹಿಡಿದು ಯಾರ ಮೇಲೂ ತಪ್ಪು ಹೊರಿಸಬಾರದು.

ಬೆಂಕಿ ನಂದಿಸುವ ವಿಷಯದಲ್ಲಿ ಈ ಸೇವೆಯನ್ನು ನಂಬಿ ಕುಳಿತುಕೊಳ್ಳುವಂತಿಲ್ಲ. ವಿಯರ್ಸ್ ಹೊತ್ತ ಉಪಗ್ರಹಗಳು ಒಂದು ಪ್ರದೇಶವನ್ನು ಹಾದುಹೋಗುವುದು ಸುಮಾರಾಗಿ ಮಧ್ಯಾಹ್ನ ಮತ್ತು ನಡುರಾತ್ರಿಯ ಒಂದೂವರೆ ಗಂಟೆಯ ಆಸುಪಾಸಿನಲ್ಲಿ. ಮಾಹಿತಿ ಕೈಸೇರಲು ಅದರ ಮೇಲೆ ಮೂರು ಗಂಟೆಯವರೆಗೂ ಹಿಡಿಯಬಹುದು. ಸಂಜೆ ನಾಲ್ಕಕ್ಕೆ ಹತ್ತಿದ ಹುಲ್ಲಿನ ಬೆಂಕಿ ರಾತ್ರಿಯೊಳಗೆ ಆರಿದರೆ ನಕ್ಷೆಗೆ ಬರುವುದೇ ಇಲ್ಲ. ದಟ್ಟ ಮರಗಳ ಅಡಿಯಲ್ಲಿ ತರಗೆಲೆಯಷ್ಟೇ ಸುಡುವ ಬೆಂಕಿಯೂ ಕಣ್ತಪ್ಪಬಹುದು. ಹೊಗೆ ಕಂಡವರು 101ಕ್ಕೆ ಕರೆ ಮಾಡುವುದು, ಅಭ್ಯಾಸವಿರುವವರು ಹಸಿ ಸೊಪ್ಪಿನ ಗೆಲ್ಲು ಹಿಡಿದು ಹೊರಡುವುದು ಇವೇ ಮೊದಲ ಕೆಲಸಗಳು. ಗೆಲ್ಲನ್ನು ಎತ್ತಿ ಎತ್ತಿ ಬಡಿದರೆ ಕಿಡಿ ಹಾರಿ ಹೊಸ ಜಾಗ ಹತ್ತುತ್ತದೆ. ಸುಟ್ಟು ಕಪ್ಪಾದ ಕಡೆ ನಿಂತು, ಬೆಂಕಿಯ ಅಂಚನ್ನು ಒತ್ತಿ ಒಳಕ್ಕೆ ಗುಡಿಸುವಂತೆ ಬಡಿಯಬೇಕು. ಬೆಂಕಿ ಏರುಮುಖವಾಗಿ ವೇಗ ಪಡೆಯುವುದರಿಂದ ಅದರ ಮೇಲಿನ ಇಳಿಜಾರಿನಲ್ಲಿ ಎಂದಿಗೂ ನಿಲ್ಲಬಾರದು. 2018ರ ಮಾರ್ಚ್‌ನಲ್ಲಿ ತಮಿಳುನಾಡಿನ ಕುರಂಗಣಿ ಬೆಟ್ಟದಲ್ಲಿ ಚಾರಣಿಗರು ಬೆಂಕಿಗೆ ಸಿಲುಕಿ ಪ್ರಾಣ ಕಳೆದುಕೊಂಡ ದುರಂತವನ್ನು ನೆನೆದಾಗಲೆಲ್ಲ, ಪ್ರತಿ ವಾರ್ಡಿನಲ್ಲೂ ಈ ತರಬೇತಿ ನಡೆಯಬೇಕೆಂದು ನನಗೆ ಬಲವಾಗಿ ಅನ್ನಿಸುತ್ತದೆ.

ಈ ಸೇವೆಯ ನಿಜವಾದ ಬೆಲೆ ಇರುವುದು ಅದರ ಹಳೆಯ ದಾಖಲೆಯಲ್ಲಿ. ಮೋಡಿಸ್ ಮಾಹಿತಿ 2000ದಿಂದಲೂ, ವಿಯರ್ಸ್ ಮಾಹಿತಿ 2012ರಿಂದಲೂ ಯಾರು ಬೇಕಾದರೂ ಇಳಿಸಿಕೊಳ್ಳುವಂತೆ ಲಭ್ಯವಿದೆ. ನಮ್ಮ ಪ್ರದೇಶದ ಹಳೆಯ ಚುಕ್ಕೆಗಳನ್ನು ಒಂದೇ ನಕ್ಷೆಯಲ್ಲಿ ಹಾಕಿ ನೋಡಿದಾಗ, ಅವು ರಸ್ತೆ ಬದಿಯ ಹುಲ್ಲುಗಾವಲಿನಲ್ಲೂ ಯಾರೂ ಸವರದ ಗಡಿಗಳಲ್ಲೂ ಮತ್ತೆ ಮತ್ತೆ ಬಿದ್ದಿರುವುದು ಸ್ಪಷ್ಟವಾಗಿ ಕಂಡಿತು. ಅಲ್ಲಿಂದೀಚೆಗೆ ಬೆಂಕಿರೇಖೆ (ಬೆಂಕಿ ದಾಟದಂತೆ ಹುಲ್ಲು ಸವರಿದ ಪಟ್ಟಿ) ಕಡಿಯುವ ಕೆಲಸವನ್ನು ಆ ಜಾಗಗಳಿಂದಲೇ ಆರಂಭಿಸುತ್ತಿದ್ದೇವೆ. ಬೆಂಕಿ ಬಿದ್ದ ಮೇಲೂ ಅದೇ ನಕ್ಷೆ ನೆರವಾಗುತ್ತದೆ. ಸುಟ್ಟ ಇಳಿಜಾರಿನ ಬೂದಿ ಮತ್ತು ಮೇಲ್ಮಣ್ಣು ಮೊದಲ ಮಳೆಗೇ ಕೊಚ್ಚಿ ಮದಕಕ್ಕೆ, ಅಂದರೆ ಗುಡ್ಡೆಯ ನೀರು ನಿಲ್ಲುವ ಕೆರೆಗೆ, ಸೇರುತ್ತದೆ. ಗುಡ್ಡೆಯೊಳಕ್ಕೆ ಅಡ್ಡಲಾಗಿ ಕೊರೆದ ಸುರಂಗದ ನೀರನ್ನೇ ನಂಬಿದ ಮನೆಗಳ ಮೇಲಿನ ಗುಡ್ಡೆ ಸುಟ್ಟಿದ್ದರೆ ಮಳೆಗಾಲಕ್ಕೆ ಮೊದಲೇ ಅಲ್ಲಿ ಇಂಗುಗುಂಡಿ ತೋಡಬೇಕಾಗುತ್ತದೆ.

ಕನ್ನಡದಲ್ಲಾಗಲಿ ಮಲಯಾಳದಲ್ಲಾಗಲಿ ಮಾಹಿತಿ ಸಿಗದಿರುವುದು ದೊಡ್ಡ ಕೊರತೆ. ಇಮೇಲ್ ನೋಡುವ ರೂಢಿಯಿಲ್ಲದವರು ಭಾರತೀಯ ಅರಣ್ಯ ಸರ್ವೇಕ್ಷಣ ಸಂಸ್ಥೆಯ ಉಚಿತ ಎಸ್ಎಂಎಸ್ ಎಚ್ಚರಿಕೆಗೆ ಹೆಸರು ನೋಂದಾಯಿಸಿಕೊಳ್ಳಬಹುದು. ಕಾಡಿನಂಚಿನ ಮನೆಗಳಿಗೆ ಅದೇ ಹೆಚ್ಚು ಅನುಕೂಲ. ಖಾಸಗಿ ಗುಡ್ಡೆ, ತೋಟಗಳನ್ನೂ ಸೇರಿಸಿ ನೋಡಬೇಕೆನ್ನುವವರಿಗೆ ಫರ್ಮ್ಸ್ ಸೂಕ್ತ. ಡಿಸೆಂಬರಿನೊಳಗೆ ಹಳೆಯ ಚುಕ್ಕೆಗಳ ನಕ್ಷೆಯನ್ನು ಮುದ್ರಿಸಿ, ಸ್ಥಳನಾಮಗಳನ್ನು ಕನ್ನಡದಲ್ಲಿ ಬರೆದು ಊರಿನ ವಾಚನಾಲಯದಲ್ಲಿ ಹಚ್ಚಿದರೆ, ಮೊಬೈಲ್ ಬಳಸದ ಹಿರಿಯರೂ ತಮಗೆ ನೆನಪಿರುವ ಬೆಂಕಿಯ ಜಾಗಗಳನ್ನು ಅದಕ್ಕೆ ಸೇರಿಸಬಹುದು.