ಬಹಾಮುಟ್ ಲಗೂನ್: ಎರಡು ಅಭಿಮಾನಿ ಅನುವಾದಗಳ ಹೋಲಿಕೆ

ಸ್ಕ್ವೇರ್ ಸಂಸ್ಥೆಯು 1996ರಲ್ಲಿ ಸೂಪರ್ ಫ್ಯಾಮಿಕಾಮ್ ಎಂಬ ಆಟದ ಯಂತ್ರಕ್ಕಾಗಿ ಹೊರತಂದ ‘ಬಹಾಮುಟ್ ಲಗೂನ್’ ವಿಡಿಯೊ ಆಟ ಅಧಿಕೃತವಾಗಿ ಇಂಗ್ಲಿಷಿಗೆ ಬರಲೇ ಇಲ್ಲ. ಜಪಾನಿನಿಂದ ಬಳಸಿದ ಕಾರ್ಟ್ರಿಜ್ ತರಿಸಿ, ಅದರಿಂದ ಆಟದ ಫೈಲನ್ನು ಕಂಪ್ಯೂಟರಿಗೆ ಇಳಿಸಿಕೊಂಡ ಮೇಲೆ ನಾನು ಎರಡು ಇಂಗ್ಲಿಷ್ ಪ್ಯಾಚ್‌ಗಳನ್ನು, ಅಂದರೆ ಆ ಫೈಲನ್ನು ತಿದ್ದಿ ಅಭಿಮಾನಿಗಳ ಅನುವಾದವನ್ನು ಸೇರಿಸುವ ಫೈಲುಗಳನ್ನು, ಪ್ರಯೋಗಿಸಿದೆ. ಒಂದು 2000ದ ದಶಕದ ಆರಂಭದ್ದು. ಇನ್ನೊಂದು, ಆ ಯಂತ್ರವನ್ನು ಕಂಪ್ಯೂಟರಿನಲ್ಲಿ ಅನುಕರಿಸುವ ಬಿಎಸ್‌ಎನ್‌ಇಎಸ್ ಎಮ್ಯುಲೇಟರ್ ರೂಪಿಸಿದ ನಿಯರ್ ಅವರು 2021ರಲ್ಲಿ ಬಿಡುಗಡೆ ಮಾಡಿದ್ದು. ಈ ಆಟದ ನಾಯಕ ಬ್ಯುವಿನ ಹೆಸರನ್ನೇ ಹಿಂದೆ ತಮ್ಮ ಅಂಕಿತವಾಗಿಸಿಕೊಂಡಿದ್ದವರು ಅವರು. ನನ್ನ ಒಲವು ಹೊಸದರ ಕಡೆಗೇ.

ಹಳೆಯದರ ದೊಡ್ಡ ಕಿರಿಕಿರಿ ಆಟ ಶುರುವಾಗುವ ಮೊದಲೇ ಎದುರಾಯಿತು. ಅದು ಐಪಿಎಸ್ ಎಂಬ ಫೈಲ್ ಮಾದರಿಯ ಪ್ಯಾಚ್. ಕಾರ್ಟ್ರಿಜ್ ನಕಲು ಮಾಡುವ ಹಿಂದಿನ ಕಾಲದ ಯಂತ್ರಗಳು ಆಟದ ಫೈಲಿನ ತಲೆಗೆ 512 ಬೈಟ್‌ಗಳ ಹೆಚ್ಚುವರಿ ತುಣುಕನ್ನು (ಹೆಡರ್) ಸೇರಿಸುತ್ತಿದ್ದುದರಿಂದ, ಆಗಿನ ಎಷ್ಟೋ ಪ್ಯಾಚ್‌ಗಳು ಆ ಹೆಡರ್ ಇದೆಯೆಂದೇ ಎಣಿಸಿಕೊಂಡು ತಯಾರಾದವು. ಕಾರ್ಟ್ರಿಜ್‌ನಿಂದ ನೇರವಾಗಿ ಇಳಿಸಿದ ಫೈಲಿನಲ್ಲಿ ಅದು ಇರುವುದಿಲ್ಲವಾದ್ದರಿಂದ ಪ್ರತಿಯೊಂದು ತಿದ್ದುಪಡಿಯೂ 512 ಬೈಟ್ ಆಚೆಗೆ ಹೋಗಿ ಬೀಳುತ್ತದೆ.

ಐಪಿಎಸ್‌ನಲ್ಲಿ ಮೂಲ ಫೈಲ್ ಸರಿಯೇ ಎಂದು ಪರೀಕ್ಷಿಸುವ ಏರ್ಪಾಡೇ ಇಲ್ಲ. ಪ್ಯಾಚ್ ಯಶಸ್ವಿಯಾಯಿತೆಂಬ ಸಂದೇಶ ಬರುತ್ತದೆ, ಆಟ ತೆರೆದರೆ ಪರದೆ ಕಪ್ಪಾಗಿರುತ್ತದೆ. ಫೈಲಿನ ಗಾತ್ರವನ್ನು 1024ರಿಂದ ಭಾಗಿಸಿದಾಗ 512 ಶೇಷ ಉಳಿದರೆ ಹೆಡರ್ ಇದೆಯೆಂದು ತಿಳಿಯಬೇಕು. ಈ ಸಣ್ಣ ಲೆಕ್ಕ ಗೊತ್ತಿಲ್ಲದವರು ಒಂದು ಸಂಜೆಯನ್ನೇ ಕಳೆದುಕೊಳ್ಳಬಹುದು. ಹೊಸ ಪ್ಯಾಚ್ ನಿಯರ್ ಅವರೇ ರೂಪಿಸಿದ ಬಿಪಿಎಸ್ ಮಾದರಿಯಲ್ಲಿದೆ. ಅದು ಚೆಕ್‌ಸಮ್ (ಫೈಲಿನ ಬೈಟ್‌ಗಳಿಂದ ಲೆಕ್ಕಹಾಕಿದ ಗುರುತಿನ ಸಂಖ್ಯೆ) ಹೋಲಿಸಿ ನೋಡಿ, ಫೈಲ್ ಬೇರೆಯದಾದರೆ ಮುಟ್ಟುವುದೇ ಇಲ್ಲ.

ಸಂಭಾಷಣೆಯಲ್ಲಿ ಎರಡೂ ಕಥೆಯನ್ನು ಚೆನ್ನಾಗಿ ದಾಟಿಸುತ್ತವೆ. ಕಥೆಯ ಯೋಯೊ ರಾಜಕುಮಾರಿಯ ಮೇಲೆ ಬರುವ ಕೋಪ ಎರಡರಲ್ಲೂ ಒಂದೇ.

ವ್ಯತ್ಯಾಸ ಕಾಣುವುದು ಮೆನುಗಳಲ್ಲಿ. ಯುದ್ಧದಲ್ಲಿ ಡ್ರ್ಯಾಗನ್‌ಗಳು ನಮ್ಮ ನೇರ ಹಿಡಿತದಲ್ಲಿರದೆ ಸ್ಥೂಲವಾದ ಆಜ್ಞೆಗಳನ್ನಷ್ಟೇ ಪಾಲಿಸುವುದರಿಂದ, ಅವುಗಳಿಗೆ ಏನು ತಿನ್ನಿಸುತ್ತೇವೆ ಎಂಬುದರಲ್ಲೇ ಆಟದ ಅರ್ಧ ತಂತ್ರವಿದೆ. ಮದ್ದಿನಿಂದ ಕತ್ತಿಯವರೆಗೆ ಏನನ್ನಾದರೂ ನುಂಗಿ ಅವು ರೂಪವನ್ನೂ ಗುಣವನ್ನೂ ಬದಲಿಸುತ್ತವೆ. ಅಲ್ಲಿ ವಸ್ತುಗಳ ಹೆಸರು ಮೊಟಕಾಗಿದ್ದರೆ ಊಹಿಸಿ ತಿನ್ನಿಸಬೇಕಾಗುತ್ತದೆ. ಹೊಸದರಲ್ಲಿ ಪ್ರತಿ ಅಕ್ಷರಕ್ಕೂ ಅದರದೇ ಅಗಲವಿರುವುದರಿಂದ ಹೆಸರುಗಳು ಪೂರ್ತಿಯಾಗಿ, ಅಂದವಾಗಿ ಕಾಣುತ್ತವೆ.

ನಾನು ಆಡುವುದು ರಾತ್ರಿ ಊಟದ ನಂತರ, ಫೋನಿನ ಸಣ್ಣ ಪರದೆಯಲ್ಲಿ. ಕಾರ್ಟ್ರಿಜ್‌ಗೇ ಹಣ ಮುಗಿದಿದ್ದರಿಂದ ಮೂಲ ಯಂತ್ರವನ್ನು ಕೊಳ್ಳುವ ಯೋಚನೆಯಿಲ್ಲ. ಎರಡೂ ಪ್ಯಾಚ್‌ಗಳು ಉಚಿತವಾಗಿ ಸಿಗುವಾಗ, ಹಳೆಯದರಲ್ಲಿ ಮೊದಲೇ ಆಡಿ ಅದರ ಮಾತುಗಳಿಗೆ ಒಗ್ಗಿಹೋದವರು ಮಾತ್ರ ಅದನ್ನು ಇಟ್ಟುಕೊಳ್ಳಬಹುದು.