‘ನೋ ಗೇಮ್ ನೋ ಲೈಫ್’: 4ನೇ ಸಂಪುಟದಿಂದಲೋ, ಮೊದಲಿನಿಂದಲೋ?

ಜಪಾನಿನ ಆನಿಮೇಷನ್ ಸರಣಿ (ಅನಿಮೆ) ‘ನೋ ಗೇಮ್ ನೋ ಲೈಫ್’ನ, 2014ರಲ್ಲಿ ಮ್ಯಾಡ್‌ಹೌಸ್ ಸ್ಟುಡಿಯೊ ಮಾಡಿದ 12 ಕಂತುಗಳು ಮುಗಿದ ಮೇಲೆ ಎರಡನೇ ಸೀಸನ್‌ಗೆ ಕಾದು ಕೂತವರಿಗೆ ಉಳಿದಿರುವ ದಾರಿ ಯೂ ಕಾಮಿಯಾ ಬರೆದ ಮೂಲ ಲೈಟ್ ನಾವೆಲ್, ಅಂದರೆ ಚಿತ್ರಗಳಿರುವ ಹಗುರ ಓದಿನ ಕಾದಂಬರಿ ಸರಣಿ. ಕನ್ನಡದಲ್ಲಿಲ್ಲ, ಯೆನ್ ಪ್ರೆಸ್‌ನ ಇಂಗ್ಲಿಷ್ ಅನುವಾದವೇ ಗತಿ.

ಅನಿಮೆ ಮುಗಿಸಿದ್ದು ಮೊದಲ ಮೂರು ಸಂಪುಟಗಳನ್ನು. ಹಾಗಾಗಿ 4ನೆಯದನ್ನು ಕೈಗೆತ್ತಿಕೊಂಡರೆ ಕಥೆ ನೇರವಾಗಿ ಮುಂದುವರಿಯುತ್ತದೆ. ದುಡ್ಡೂ ಉಳಿಯಿತು, ಸಮಯವೂ ಉಳಿಯಿತು. ಅನಿಮೆ ಇತ್ತೀಚೆಗೆ ನೋಡಿದ್ದರೆ ಇಷ್ಟು ಸಾಕು.

ಮೊದಲಿನಿಂದ ಓದುವವರಿಗೆ ಸಿಗುವ ಲಾಭವೇ ಬೇರೆ. ಎದುರಾಳಿ ಜಿಬ್ರಿಲ್ ಜೊತೆಗಿನ ಪದಸರಪಳಿ ಆಟ ನೆನಪಿದೆಯಲ್ಲ? ನಮ್ಮ ಅಂತ್ಯಾಕ್ಷರಿಯ ಹಾಗೆ ಪದಕ್ಕೆ ಪದ ಜೋಡಿಸುವುದು. ಹೇಳಿದ ವಸ್ತು ಎದುರಿಗಿದ್ದರೆ ಮಾಯ, ಇಲ್ಲದಿದ್ದರೆ ಪ್ರತ್ಯಕ್ಷ. ತೆರೆಯ ಮೇಲೆ ಅದು ಕಣ್ಣಿಗೆ ಹಬ್ಬ, ಆದರೆ ಓಟ ಜಾಸ್ತಿ. ಪುಸ್ತಕದಲ್ಲಿ ಒಂದು ನಡೆಯ ಹಿಂದಿನ ಲೆಕ್ಕಾಚಾರವನ್ನು ನಿಲ್ಲಿಸಿ, ಹಿಂದಕ್ಕೆ ತಿರುವಿ ನೋಡಬಹುದು. ಚಿತ್ರಗಳೂ ಕಾಮಿಯಾ ಅವರವೇ. ಅನಿಮೆಯ ಆ ಕಣ್ಣು ಕುಕ್ಕುವ ಬಣ್ಣ, ಕಥಾನಾಯಕರಾದ ಅಣ್ಣ-ತಂಗಿ ಸೋರಾ-ಶಿರೋ ದನಿಗಳು ಮಾತ್ರ ಪುಟದಲ್ಲಿ ಸಿಗವು.

2017ರ ‘ಝೀರೋ’ ಸಿನಿಮಾ 6ನೇ ಸಂಪುಟದ್ದು, ಆರು ಸಾವಿರ ವರ್ಷ ಹಿಂದಿನ ಕಥೆ. ಅದನ್ನು ನೋಡಿದವರೂ 4, 5 ಬಿಡಬಾರದು.

ನನ್ನ ಮಟ್ಟಿಗೆ? ಆಟದ ತರ್ಕ ಇಷ್ಟವಾದವರು 1ರಿಂದ ಶುರುಮಾಡಿ. ಮುಂದೇನಾಯಿತು ಎಂಬ ಚಡಪಡಿಕೆಯಷ್ಟೇ ಇದ್ದರೆ 4ಕ್ಕೆ ಹಾರಿ.